ಹತ್ತನೇ ನಿಮಿಷಕ್ಕೆ ಸಾಯುವ ಜಪಾನಿ ನಟ

ಮುಂಬಯಿ ಪಕ್ಕದ ಡೊಂಬಿವಲಿಯಲ್ಲಿದ್ದುಕೊಂಡು ಜಪಾನಿನ ನಟನೊಬ್ಬನಿಗಾಗಿ ತಲೆ ಕೆಡಿಸಿಕೊಂಡವರಿಗೆ ಏನೇನು ಆಗಬೇಕೋ ಅದೆಲ್ಲ ನನಗೆ ಆಗಿದೆ. ಅವನ ಹೆಸರು ಅವನ ದೇಶದಲ್ಲೇ ಯಾರಿಗೂ ಗೊತ್ತಿಲ್ಲ. ನಾನು ಹೇಳಿಯೂ ಪ್ರಯೋಜನವಿಲ್ಲ.

೧. ಪರಿಚಯ

ಎರಡು ಸಾವಿರದ ಮೊದಲ ವರ್ಷಗಳು. ನಮ್ಮ ಕೇಬಲ್‌ನವನು ಭಾನುವಾರ ಮಧ್ಯಾಹ್ನ ಹಿಂದಿಗೆ ಡಬ್ ಆದ ಜಪಾನಿ ಸಿನಿಮಾ ಹಾಕುತ್ತಿದ್ದ. ಸಮುದ್ರದಿಂದ ಬೆಟ್ಟದಂಥ ಪ್ರಾಣಿ ಎದ್ದು ಬಂದು ಊರು ತುಳಿಯುವ ಕಥೆಗಳು. ಎಲ್ಲದರಲ್ಲೂ ದಪ್ಪ ಹುಬ್ಬಿನ ಒಬ್ಬ ಮನುಷ್ಯ. ಒಂದರಲ್ಲಿ ಮೀನುಗಾರ, ಒಂದರಲ್ಲಿ ಪೊಲೀಸು, ಇನ್ನೊಂದರಲ್ಲಿ ವಿಜ್ಞಾನಿ. ವೇಷ ಯಾವುದಾದರೂ ಹತ್ತನೇ ನಿಮಿಷಕ್ಕೆ ಪ್ರಾಣಿ ಅವನನ್ನೇ ಮೊದಲು ತುಳಿಯುತ್ತಿತ್ತು. ಹೀಗೂ ಒಬ್ಬ ಹೊಟ್ಟೆ ಹೊರೆಯುತ್ತಾನಲ್ಲ ಎಂದು ನನಗೆ ಕುತೂಹಲ ಹತ್ತಿಕೊಂಡಿತು. ಸ್ಟೇಷನ್ ಹೊರಗಿನ ಸಿ.ಡಿ. ಗಾಡಿಗಳಲ್ಲಿ ಅವನ ಮುಖ ಹುಡುಕತೊಡಗಿದೆ.

ನನ್ನ ಹೆಂಡತಿ ಕೇಳಿದ್ದು ಒಂದೇ ಪ್ರಶ್ನೆ: “ಅಲ್ಲಾ ರೀ, ಇವನ ಹೆಂಡತಿ ಟಾಕೀಸಿಗೆ ಹೋದ್ರೆ, ಸೀಟು ಹುಡುಕೋ ಹೊತ್ತಿಗೇ ಇವನ ಕಥೆ ಮುಗ್ದಿರತ್ತಲ್ವಾ?”

೨. ಕಿಟಕಿ ಸೀಟು

ಒಂದು ಸೋಮವಾರ ಬೆಳಗಿನ ಲೋಕಲ್ ರೈಲಿನಲ್ಲಿ ಗೆಳೆಯನಿಗೆ ಆ ವಾರದ ಸಿನಿಮಾದ ಸುದ್ದಿ ಮರಾಠಿಯಲ್ಲಿ ಹೇಳುತ್ತಿದ್ದೆ. ನಿನ್ನೆ ಮಧ್ಯಾಹ್ನ ಹೋಗಿಬಿಟ್ಟ, ಎಲ್ಲ ಹತ್ತೇ ನಿಮಿಷ, ನಾವು ನೋಡುತ್ತಿದ್ದ ಹಾಗೆಯೇ, ಎಂದೆ. ಕಿಟಕಿ ಪಕ್ಕದ ಹಿರಿಯರೊಬ್ಬರು ಎದ್ದು ನನ್ನ ಹೆಗಲು ತಟ್ಟಿ ತಮ್ಮ ಸೀಟು ಕೊಟ್ಟರು. ಇಷ್ಟು ವರ್ಷದ ಓಡಾಟದಲ್ಲಿ ನನಗೆ ಸಿಕ್ಕ ಮೊದಲ ಕಿಟಕಿ ಸೀಟು ಅದು. ನಿಜ ಹೇಳಲು ಬಾಯಿ ಬರಲಿಲ್ಲ. ನಾನು ಇಳಿಯುವ ಥಾಣೆಯವರೆಗೂ ಮುಖ ಸಪ್ಪಗೆ ಮಾಡಿಕೊಂಡು ಗಾಳಿ ಕುಡಿದೆ. ಇಳಿಯುವಾಗ ಅವರು ಹದಿಮೂರನೇ ದಿನದ ಊಟ ಎಲ್ಲಿಟ್ಟುಕೊಂಡಿದ್ದೀರಿ ಎಂದು ವಿಚಾರಿಸಿದರು.

೩. ಅಜ್ಜಿಗೆ ಬಂದ ಉತ್ತರ

ಎದುರು ಮನೆಯ ಧಾರವಾಡದ ಅಜ್ಜಿಯೂ ನಮ್ಮ ಜೊತೆ ಕೂತು ನೋಡುತ್ತಿದ್ದರು. ನಮಗೆ ಅವನು ತಮಾಷೆ, ಅವರಿಗೆ ನಿಜವಾದ ಸಂಕಟ. ಒಂದಾದರೂ ಸಿನಿಮಾದಲ್ಲಿ ಅವನು ಕೊನೆತನಕ ಬದುಕಿದ್ದಾನೆಯೇ, ಅದೊಂದನ್ನು ತಿಳಿದುಕೊಂಡೇ ಕಣ್ಣು ಮುಚ್ಚುತ್ತೇನೆ ಎನ್ನುತ್ತಿದ್ದರು. ನನ್ನಲ್ಲಿದ್ದ ಇಪ್ಪತ್ತೆರಡು ಸಿ.ಡಿ.ಗಳಲ್ಲಿ ಅಂಥದ್ದು ಒಂದೂ ಇರಲಿಲ್ಲ.

ಕೆಲವು ವರ್ಷಗಳ ಮೇಲೆ ಮಹಾಪೆಯ ನಮ್ಮ ಫ್ಯಾಕ್ಟರಿಗೆ ಮಷೀನು ಕೂರಿಸಲು ಒಬ್ಬ ಜಪಾನಿ ಎಂಜಿನಿಯರ್ ಬಂದ. ಸಿ.ಡಿ. ತೋರಿಸಿ ಅಜ್ಜಿಯ ಪ್ರಶ್ನೆ ಕೇಳಿದೆ. ಈ ಮನುಷ್ಯನನ್ನು ನೋಡಿಯೇ ಇಲ್ಲ ಎಂದು ಬಗ್ಗಿ ಕ್ಷಮೆ ಕೇಳಿದ, ಆದರೂ ಪ್ರಶ್ನೆಯನ್ನೂ ಸಿನಿಮಾದ ಹೆಸರನ್ನೂ ಬರೆದುಕೊಂಡು ಹೋದ. ಎಂಟು ತಿಂಗಳಿಗೆ ನಟನ ಕೈಬರಹದ ಕಾಗದ ಬಂತು, ಎಂಜಿನಿಯರನ ಇಂಗ್ಲಿಷ್ ಅನುವಾದದ ಸಮೇತ. ಅಜ್ಜಿಗೆ ಕನ್ನಡದಲ್ಲಿ ಓದಿ ಹೇಳಿದೆ:

“ನಾನು ಸತ್ತ ಮೇಲೆ ಮುಖ ತೊಳೆಸಿ ಆ ಪ್ರಾಣಿಯ ರಬ್ಬರ್ ವೇಷದೊಳಗೆ ನನ್ನನ್ನೇ ಇಳಿಸುತ್ತಿದ್ದರು. ತುಳಿದ ಕಾಲೂ ನನ್ನದೇ. ಎಲ್ಲ ಸಿನಿಮಾದಲ್ಲೂ ಕೊನೆತನಕ ಇದ್ದೇನೆ ಎಂದು ಅಜ್ಜಿಗೆ ತಿಳಿಸಿ.”

ಕೊನೆಯ ಸಾಲನ್ನು ಇನ್ನೊಮ್ಮೆ ಓದಿದೆ. ಅಜ್ಜಿ ಮಾತ್ರ ಗಾಬರಿಯಾಗಿ ನನ್ನ ಕೈ ಹಿಡಿದುಕೊಂಡರು.

“ತಮ್ಮಾ, ಆ ಪ್ರಾಣಿ ಹಾಳಾಗಿ ಹೋಗಲಿ ಅಂತ ಇಷ್ಟ ವರ್ಷ ವಾರಾ ವಾರಾ ಶಾಪಾ ಹಾಕೀನಲ್ಲೋ, ಅದೆಲ್ಲಾ ಅವಗ ತಟ್ಟಿರಬೇಕು. ವಾಪಸ್ ತಗೊಂಡೀನಿ ಅಂತ ಈಗಿಂದೀಗ ಒಂದ್ ಕಾಗದಾ ಬರಿ.”