ಡಚ್ ಮುದುಕ ಸಾಗರಕ್ಕೆ ಬಂದದ್ದು

ಒಂದೇ ಚಿತ್ರವನ್ನು ನೂರು ಜನ ನೋಡಿದರೆ ಅದು ನೂರು ಚಿತ್ರ ಆಗುತ್ತದೆ; ಸರ್ಕಾರಿ ಪ್ರಚಾರದ ವ್ಯಾನಿನಲ್ಲಿ ಚಿತ್ರ ತೋರಿಸುತ್ತ ತಿರುಗಿದ ನನಗೆ ಇದು ದಿನಾ ಕಂಡ ಸಂಗತಿ. ಐವತ್ತರ ದಶಕದಲ್ಲಿ ಒಮ್ಮೆ ಡಚ್ ಭಾಷೆಯ ಪುಟ್ಟ ನಾಟಕದ ಎರಡು ರೀಲು ಬಂದವು. ಟೆಲಿವಿಷನ್ ಅನ್ನುವ, ನಾವ್ಯಾರೂ ಕಾಣದ ಪೆಟ್ಟಿಗೆಗಾಗಿ ತೆಗೆದದ್ದಂತೆ. ಮೊದಲು ಆರಾಮಾಗಿ ಕಾಫಿ ಕುಡಿಯುವ ಮುದುಕ ಬರಬರುತ್ತ ನೆನಪು ಕಳೆದುಕೊಂಡು, ಕೊನೆಗೆ ಹಾಸಿಗೆ ಹಿಡಿಯುತ್ತಾನೆ. ಕತ್ತಲಲ್ಲಿ ಪರದೆಯ ಪಕ್ಕ ನಿಂತು, ಮುದುಕನ ಮಾತೂ ಸೇರಿ, ಅದನ್ನು ಕನ್ನಡದಲ್ಲಿ ಹೇಳುವುದು ನನ್ನ ಕೆಲಸ. ಕೆಲಸ ಇನ್ನೂ ಖಾಯಂ ಆಗಿರಲಿಲ್ಲ. "ಸಾಗರ, ಹೊಸನಗರ ಮುಗಿಸಿ, ತೀರ್ಥಹಳ್ಳಿಗೆ ನಾನೇ ಬರ್ತೀನಿ. ನೋಡಿದ ಜನ ಕಥೆ ತಿರುಗಿ ಹೇಳಿದ್ರೆ ಖಾಯಂ, ಇಲ್ದಿದ್ರೆ ನೀವು ಮನೆಗೆ" ಎಂದಿದ್ದರು ಸಾಹೇಬರು. ಮದುವೆಯಾಗಿ ಎರಡು ತಿಂಗಳಾಗಿತ್ತು. ನನಗೆ ನಿಜಕ್ಕೂ ಹೆದರಿಕೆ.

ಸಾಗರ

ಮುದುಕ ಹೆಂಡತಿಯನ್ನೇ ದಿಟ್ಟಿಸುತ್ತ ಕೂತಿದ್ದ. "ಪಾಪ, ಹೆಂಡತಿಯ ಗುರುತೇ ಸಿಗ್ತಿಲ್ಲ" ಎಂದು ಮೈಕಿನಲ್ಲಿ ದುಃಖ ತುಂಬಿ ಹೇಳಿದೆ.

ಮುಂದಿನ ಸಾಲಿನ ಅಜ್ಜಿಯೊಬ್ಬರು ತಿರುಗಿಸಿ ಹೇಳಿದರು: "ಎಂತ ಪಾಪ? ತೆಂಗಿನಕಾಯಿ ಸುಲೀರಿ ಅಂದ್ ಕೂಡ್ಲೇ ನಮ್ಮನೆಯವ್ರಿಗೂ ನನ್ನ ಗುರುತು ಹೋಗ್ತದೆ!"

ಹೊಸನಗರ

ಇಲ್ಲಿ ರೀಲು ಹಿಂದುಮುಂದಾಯಿತು. ಮುದುಕ ಮೊದಲು ಹಾಸಿಗೆಯಲ್ಲಿ ನರಳಿದ, ಆಮೇಲೆ ಕೂತು ಕಾಫಿ ಕುಡಿದ. ಬೇರೆ ದಾರಿಯಿಲ್ಲದೆ, "ನೋಡಿ, ಗುಣ ಆಗ್ತಿದೆ" ಎಂದೆ. ಚಪ್ಪಾಳೆಯೋ ಚಪ್ಪಾಳೆ.

ಮುಗಿದ ಮೇಲೆ ನಿಟ್ಟೂರಿನ ರೈತರೊಬ್ಬರು ನನ್ನ ಕೈ ಹಿಡಿದುಕೊಂಡರು. "ನಮ್ಮಪ್ಪಯ್ಯಂಗೂ ಹೀಗೇ ಆಗಿದೆ ಮಾರಾಯ್ರೇ. ಆ ಮುದುಕಂಗೆ ಮದ್ದು ಕೊಟ್ಟ ಪಂಡಿತರು ಎಲ್ಲಿರ್ತಾರೆ?"

ಹಾಲೆಂಡಿನಲ್ಲಿ ಎಂದೆ.

"ಹುಲಿಕಲ್ ಘಾಟಿ ಇಳೀಬೇಕಾ?" ಎಂದರು.

ತೀರ್ಥಹಳ್ಳಿ

ಶಾಲೆಯ ಕಿಟಕಿಗಳಿಗೆಲ್ಲ ಕಂಬಳಿ ಕಟ್ಟಿ ಕತ್ತಲು ಮಾಡಿದೆವು. ಸಾಹೇಬರು ಬಂದು ಕೂತರು. ಅಷ್ಟು ಹೊತ್ತಿಗೆ ಊರೂರಲ್ಲಿ ಹೇಳಿ ಹೇಳಿ ನನ್ನ ಗಂಟಲು ಪೂರಾ ಕಟ್ಟಿತ್ತು. ಬಾಯಿ ತೆರೆದರೆ ಬರೀ ಗಾಳಿ. ಮುದುಕ ತನ್ನ ಭಾಷೆಯಲ್ಲೇ ಮಾತಾಡಿ ಮುಗಿಸಿದ. ಕಂಬಳಿ ಸರಿಸಿ ಸಾಹೇಬರು ಕಥೆ ಕೇಳಿದರೆ ಎಲ್ಲರೂ ಸುಮ್ಮನೆ. ನನ್ನ ಅನ್ನಕ್ಕೆ ಕಲ್ಲು ಬಿತ್ತು ಅಂದುಕೊಂಡೆ.

ಆಗ ಎದ್ದು ನಿಂತವರು ಸಾಗರದ ಅದೇ ಅಜ್ಜಿ! ಮಗಳ ಮನೆಗೆ ಬಂದಿದ್ದರಂತೆ. ಕಾಫಿಯಿಂದ ಹಾಸಿಗೆಯವರೆಗೆ ಒಂದೂ ಬಿಡದೆ ಕಥೆ ಒಪ್ಪಿಸಿದರು. ನನಗೆ ಕಣ್ಣಲ್ಲಿ ನೀರೇ ಬಂತು.

"ಇಷ್ಟೆಲ್ಲ ಹೇಗೆ ಅರ್ಥವಾಯ್ತಮ್ಮ?" ಎಂದರು ಸಾಹೇಬರು.

"ಸಾಗರದಲ್ಲಿ ಈ ಮುದುಕ ಚೆಂದ ಕನ್ನಡ ಮಾತಾಡ್ತಿದ್ನಲ್ಲ! ಇಲ್ಲಿಗೆ ಬಂದು ಎಂತ ಆಯ್ತೋ."

"ಅಮ್ಮಾ, ಅದು ನಾನು..." ಎಂದು ಪಿಸುಗುಟ್ಟಿದೆ.

ಅಜ್ಜಿ ನನ್ನನ್ನು ಮೇಲಿಂದ ಕೆಳಗೆ ನೋಡಿದರು. "ನೀವಾ? ನೀವು ಅಲ್ಲಿ ಇರ್ಲೇ ಇಲ್ಲ."

ನನ್ನ ಕೆಲಸವೇನೋ ಖಾಯಂ ಆಯಿತು. ಆದರೆ ಪ್ರತಿ ವರ್ಷ ತಪಾಸಣೆಗೆ ಬಂದಾಗಲೂ ಸಾಹೇಬರದು ಒಂದೇ ಪ್ರಶ್ನೆ: "ಆ ಕನ್ನಡದ ರೀಲು ಸಿಕ್ತೇನ್ರಿ?"

"ಹುಡುಕ್ತಾ ಇದೀನಿ ಸಾರ್" ಎನ್ನುತ್ತಲೇ ನಾನು ನಿವೃತ್ತನಾದೆ.