ಸೆರಗಿನಿಂದ ಒರೆಸಿದ ಗೆರೆ

ಮಹೇಶ, ಪಲ್ಲವಿ, ನಿಮ್ಮ ಆಯಿಗೆ ದೆವ್ವಕ್ಕಿಂತ ಕ್ಯಾಮೆರಾ ಕಂಡರೆ ಹೆಚ್ಚು ಭಯ. ಜಹೀರಾಬಾದಿನ ಮದುವೆಗಳಲ್ಲಿ ವಿಡಿಯೊದವನು ದೀಪ ಹಿಡಿದು ನನ್ನ ಕಡೆ ತಿರುಗಿದರೆ ಬಾಯಲ್ಲಿನ ಹೋಳಿಗೆ ನುಂಗಲೂ ಆಗುವುದಿಲ್ಲ. ನನ್ನ ಗಂಡ, ನಿಮ್ಮ ಮುತ್ಯಾ, ಇದ್ದಾಗ ಅವರ ಬೆನ್ನ ಹಿಂದೆ ಅಡಗುತ್ತಿದ್ದೆ. ಅವರು ಹೋದ ಮೇಲೆ ಕಂಬವೇ ಗತಿ. ನಮ್ಮ ಮನೆಯ ಎಲ್ಲ ಮದುವೆ ವಿಡಿಯೊಗಳಲ್ಲೂ ನಾನಿದ್ದೇನೆ, ಮೊಣಕೈ ಮಾತ್ರ. ಇಂಥ ಅಂಜುಬುರುಕಿ ಅಜ್ಜಿಯಾದ ನಾನು ನಿಮ್ಮ ಅಕ್ಕ ಸುಜಾತಳ ನೌಕರಿಯನ್ನೇ ಸೆರಗಿನಿಂದ ಒರೆಸಿಹಾಕಿದೆನೆಂದು ನಡುಗಿದ ಕಥೆ ಇದು.

ಎಳ್ಳಮಾಸಿ ಹಬ್ಬಕ್ಕೆ ನಾರಾಯಣಖೇಡದ ಮನೆಗೆ ಬಂದಾಗಲೂ ಸುಜಾತ ಲ್ಯಾಪ್‌ಟಾಪ್ ತಂದಿದ್ದಳು. ಹೈದರಾಬಾದಿನ ಅವಳ ಕಚೇರಿಯಲ್ಲಿ ಪರದೇಶದ ಸಿನಿಮಾಗಳ ಕೆಳಗೆ ಬೇರೆ ಭಾಷೆಯ ಸಾಲು ಕೂಡಿಸುತ್ತಾರೆ. ಸಾಲು ಬರೆಯುವವರು ಬೇರೆ. ಅದು ಹೊತ್ತಿಗೆ ಸರಿಯಾಗಿ ಬಂತೇ, ಅಕ್ಷರ ಕೆಟ್ಟಿದೆಯೇ ಎಂದು ನೋಡುವುದು ಇವಳ ಕೆಲಸ. ಈ ಸಲದ್ದು ಸ್ಪೇನ್ ದೇಶದ ದೆವ್ವದ ಸಿನಿಮಾ, ವಿಯೆಟ್ನಾಂ ಜನರಿಗಾಗಿ.

"ನಿನಗ ಸ್ಪೇನ್ ಮಾತು ಬರ್ತದೇನವ್ವ?"

"ಇಲ್ಲ ಆಯಿ."

"ವಿಯೆಟ್ನಾಂದು?"

"ಅದೂ ಇಲ್ಲ."

"ಮತ್ತ ಪಗಾರ ಯಾತಕ್ಕ ಕೊಡ್ತಾರ?"

"ಇನ್ನಾ ಖಾಯಂ ಮಾಡಿಲ್ಲ. ಇದೊಂದು ತಪ್ಪಿಲ್ಲದಂಗ ಕೊಟ್ರ ಇಟ್ಕೋತಾರ, ಇಲ್ಲಂದ್ರ ಮನಿಗೆ ಕಳಸ್ತಾರ. ಸುಮ್ಮ ಕುಂದುರು."

ಸುಮ್ಮನೆ ಕುಳಿತು ನೋಡಿದೆ. ಮನೆಯವರೇ ಯಾರೋ ತೆಗೆದ ವಿಡಿಯೊ ಆಮೇಲೆ ಇನ್ನಾರಿಗೋ ಸಿಕ್ಕಿತು ಎಂಬಂತೆ ಮಾಡಿದ ಸಿನಿಮಾ. ಮದುವೆ ವಿಡಿಯೊದವನನ್ನು ಹುಚ್ಚುನಾಯಿ ಬೆನ್ನಟ್ಟಿದರೆ ಹೇಗೋ ಹಾಗೆ ಚಿತ್ರ ಕುಣಿಯುತ್ತಿತ್ತು. ತಾಂಡೂರಿನ ಬಸ್ಸಿನಲ್ಲಿ ಹಿಂದಿನ ಸೀಟಿಗೆ ಕುಳಿತಷ್ಟೇ ತಲೆ ತಿರುಗಿತು.

"ದೆವ್ವ ಬಂದ್ರೂ ಇಂವ ಕ್ಯಾಮೆರಾ ಒಗೆದು ಯಾಕ ಓಡವಲ್ಲ?"

"ಒಗೆದ್ರ ಸಿನಿಮಾ ಮುಗೀತದ ಆಯಿ," ಎಂದು ಸುಜಾತ ಚಿತ್ರ ನಿಲ್ಲಿಸಿ ಚಹಾ ಮಾಡಲು ಎದ್ದಳು.

ನಿಂತ ಚಿತ್ರದ ಕೆಳಗೆ ಎರಡೇ ಇಂಗ್ಲಿಷ್ ಅಕ್ಷರ. ಊರ ಶಾಲೆಯಲ್ಲಿ ಏಳನೆಯ ತರಗತಿ ಓದಿದವಳಿಗೆ ಅಷ್ಟು ಬರುತ್ತದೆ: 'ಮಾ'. ಅದರ ತಲೆಯ ಮೇಲೊಂದು ಓರೆ ಗೆರೆ. ಭಜ್ಜಿಯ ಕಡಲೆಹಿಟ್ಟು ಸಿಡಿದಿರಬೇಕೆಂದು ಸೆರಗಿನ ತುದಿ ಒದ್ದೆ ಮಾಡಿ ತಿಕ್ಕಿದೆ. ಹೋಗಲಿಲ್ಲ. ಒತ್ತಿ ತಿಕ್ಕುವಾಗ ಮೊಣಕೈ ಯಾವ ಗುಂಡಿಗೆ ತಾಗಿತೋ, ಚಿತ್ರ ಓಡತೊಡಗಿತು. ಗಾಬರಿಯಲ್ಲಿ ಮತ್ತೆ ಒತ್ತಿದೆ, ನಿಂತಿತು. ಅಲ್ಲೊಬ್ಬ ಪುಟ್ಟ ಹುಡುಗಿ ಕೈಚಾಚಿ ತಾಯಿಯ ಕಡೆ ಓಡುತ್ತಿದ್ದಳು. ಕೆಳಗೆ ಅದೇ 'ಮಾ', ಆದರೆ ಗೆರೆ ಇಲ್ಲ.

"ಸುಜಾತಾ, ಕಸ ಹೋತು ನೋಡು!" ಎಂದು ಹೆಮ್ಮೆಯಿಂದ ಕೂಗಿದೆ.

ಅವಳು ಸೌಟು ಹಿಡಿದೇ ಓಡಿಬಂದಳು. "ಅದು ಕಸ ಅಲ್ಲಾಯಿ! ನಮ್ಮ ಅಕ್ಷರಕ್ಕ ಕೊಂಬು ಇದ್ದಂಗ. ಏನ್ ಮಾಡಿದಿ?"

ಒದ್ದೆ ಸೆರಗನ್ನು ಬಿಡಿಸಿ, ಆ ಗೆರೆ ಅಲ್ಲೇನಾದರೂ ಅಂಟಿದೆಯೇ ಎಂದು ಹುಡುಕಿದೆ. ನಾರಾಯಣಖೇಡದಲ್ಲಿ ಒರೆಸಿದರೆ ವಿಯೆಟ್ನಾಂನ ಅಕ್ಷರ ಅಳಿಯುತ್ತದೆಯೇ ಎಂದು ಆಗ ಯಾರು ಯೋಚಿಸುತ್ತಾರೆ? ಚಹಾ ಉಕ್ಕಿ ಒಲೆಗೆ ಬಿತ್ತು, ಇಬ್ಬರೂ ಏಳಲಿಲ್ಲ. ಸುಜಾತ ಹಿಂದೆ ಮುಂದೆ ಓಡಿಸಿ ನೋಡಿದಳು. ಮೊದಲಿನ ಗೆರೆ ಅದರ ಜಾಗದಲ್ಲೇ ಇತ್ತು. ಎರಡನೆಯ ಕಡೆ ಮೊದಲಿನಿಂದಲೂ ಇರಲಿಲ್ಲ. ಸಾಲು ಬರೆದ ವಿಯೆಟ್ನಾಂನ ಹೆಣ್ಣುಮಗಳಿಗೆ ಫೋನಿನಲ್ಲಿ ಬರೆದು ಕೇಳಿದಳು. ಉತ್ತರ ಓದಿ ನಗುತ್ತ ನೆಲಕ್ಕೇ ಕುಳಿತಳು. ಗೆರೆ ಇದ್ದರೆ ಅಮ್ಮ, ಇಲ್ಲದಿದ್ದರೆ ದೆವ್ವವಂತೆ! ಆಕೆ ಸರಿಯಾಗಿಯೇ ಬರೆದಿದ್ದಳು, ಕೈಯಿಂದ ಕೈಗೆ ಬರುವಾಗ ಗೆರೆ ಎಲ್ಲೋ ಉದುರಿತ್ತು.

"ಅಯ್ಯ, ಹಡೆದ ತಾಯಿನ್ನ ದೆವ್ವ ಮಾಡಿದ್ರಲ್ಲೇ!" ಎಂದೆ.

ಸುಜಾತ ಇಡೀ ಸಿನಿಮಾ ಸೋಸಿ, ಉದುರಿದ ಗೆರೆಗಳನ್ನೆಲ್ಲ ಮತ್ತೆ ಹಚ್ಚಿ ಕಳಿಸಿದಳು. ಅಮಾಸಿಯ ದಿನ ಹೊಲದಲ್ಲಿ ಭೂತಾಯಿಗೆ ಎಡೆಯ ಚರಗ ಚೆಲ್ಲುವಾಗ ಕಚೇರಿಯಿಂದ ಫೋನ್ ಬಂತು. "ಖಾಯಂ ಆತು ಆಯಿ! ನಿನ್ನ ಸೆರಗಿಗೂ ಪಗಾರ ಕೊಡ್ಬೇಕು ನೋಡು," ಎಂದು ಅಪ್ಪಿಕೊಂಡಳು. ಎದೆಯ ಮೇಲಿನ ಬೀಸುಕಲ್ಲು ಇಳಿದಂತಾಯಿತು. ಆ ಖುಷಿಗೆ ಫೋಟೊ ತೆಗೆದಳು. ಜೋಳದ ದಂಟಿನ ನಡುವೆ ನನ್ನ ಮೊಣಕೈ ಬಹಳ ಚೆನ್ನಾಗಿ ಬಂದಿದೆ.

ಈ ಹಾಳೆಗಳನ್ನು ಜೋಪಾನವಾಗಿಡಿ, ಮಕ್ಕಳೇ. ಒಲೆಯ ಹತ್ತಿರ ಕುಳಿತು ಬರೆದಿದ್ದೇನೆ, ಅಲ್ಲಲ್ಲಿ ಅರಿಶಿನ ಸಿಡಿದಿದೆ. ಆದರೂ ಯಾವ ಚುಕ್ಕಿಯನ್ನೂ ಒರೆಸಬೇಡಿ. ನಾಳೆ ಓದುವವರಿಗೆ ನಿಮ್ಮ ಆಯಿ ದೆವ್ವವಾಗಿಬಿಟ್ಟಾಳು.