ನಿಂಬೆಕಾಯಿ ಲಾರಿಗೆ ಪೊಲೀಸ್ ಬಂದೋಬಸ್ತು

ಇಷ್ಟೆಲ್ಲ ರಾಮಾಯಣ ಶುರುವಾದದ್ದು ಒಂದೇ ಒಂದು ಚೀಲದಿಂದ. ಹಮಾಲರು ಚಹಾ ಕುಡಿಯುತ್ತ ಕೂತಿದ್ದರು, ಸೊಲ್ಲಾಪುರದ ಲಾರಿಗೆ ಹೊತ್ತಾಗುತ್ತಿತ್ತು. ತಾಳ್ಮೆ ಅನ್ನುವುದು ನಿಂಬೆ ವ್ಯಾಪಾರಿ ಗೋವಿಂದರಾಯರಿಗೆ ಹುಟ್ಟಿದಾಗಿನಿಂದ ಇಲ್ಲ. ತಾವೇ ಒಂದು ನಿಂಬೆಕಾಯಿ ಚೀಲ ಎತ್ತಿ ಲಾರಿಯೊಳಗೆ ಒಗೆದರು. ಎಪ್ಪತ್ನಾಲ್ಕನೆಯ ಇಸವಿಯ ಇಂಡಿ ಪೇಟೆಯಲ್ಲಿ ಇದಕ್ಕಿಂತ ದೊಡ್ಡ ಅಪರಾಧ ಇರಲಿಲ್ಲ.

ಹಮಾಲರ ಸಂಘದ ಮುಖಂಡ ಖಂಡೆಪ್ಪ ಬಂದು ಲಾರಿಯ ಹಿಂದೆ ಕೈಕಟ್ಟಿ ನಿಂತ. "ರಾಯರ, ಮಾಲು ಹೇರೋದು ಸಂಘದವ್ರ ಕೆಲಸ ಐತ್ರಿ. ಆ ಚೀಲ ಕೆಳಗ ಬರಬೇಕು, ಆಮ್ಯಾಲ ನಾವ ಏರಿಸ್ತೇವಿ. ಅಲ್ಲೀತನಾ ಒಂದ ಚೀಲಾನೂ ಅಳ್ಳಾಡಂಗಿಲ್ಲ."

"ನನ್ನ ಅಂಗಡಿ, ನನ್ನ ಮಾಲು! ಏರಿಸಿದ್ದನ್ನ ಇಳಿಸಿ ಮತ್ತ ಏರಿಸಬೇಕೇನು? ತಲಿ ನೆಟ್ಟಗದನೋ ಇಲ್ಲೋ ನಿಂದು?"

ಹತ್ತು ಜನ ಹಮಾಲರು ಅಂಗಡಿಯ ಬಾಗಿಲಿಗೆ ಅಡ್ಡಲಾಗಿ ಕೂತೇಬಿಟ್ಟರು. ಒಳಗೆ ಎಂಬತ್ತು ಚೀಲ ಹಣ್ಣು, ಹೊರಗೆ ಕೆಂಡದಂಥ ಬಿಸಿಲು. ಸಂಜೆಯೊಳಗೆ ಲಾರಿ ಹೊರಡದಿದ್ದರೆ ಅಷ್ಟೂ ಕೊಳೆತು ತಿಪ್ಪೆಗೆ ಹೋಗಬೇಕು.

ಅಂಗಡಿಯ ಹಿಂದೆಯೇ ಮನೆ. ಗದ್ದಲ ಕೇಳಿ ಹೆಂಡತಿ ಅಂಬುಬಾಯಿ ಹೊರಗೆ ಬಂದರು. "ಒಂದು ಚೀಲ ಇಳಿಸಿದ್ರ ನಿಮ್ಮ ಗಂಟೇನ್ ಹೋಗ್ತದರಿ?"

"ಧಂದೆದಾಗ ನೀ ಬಾಯಿ ಹಾಕಬ್ಯಾಡ!"

ಎದುರಿನ ಅಂಗಡಿಯ ಚಂದ್ರಾಮನಿಗೆ ಅಂದು ಗಿರಾಕಿ ಇರಲಿಲ್ಲ, ಬಾಯಿಯಂತೂ ಇತ್ತು. "ಬಗ್ಗಬ್ಯಾಡ್ರಿ ರಾಯರ! ಲೈಸನ್ಸು ಇದ್ದಾವ್ರ ಬೆನ್ನಿಗೆ ಕಾಯ್ದೆ ಐತಿ. ಮಾಮಲೇದಾರ್ರಿಗೆ ಅರ್ಜಿ ಕೊಡ್ರಿ, ಪೊಲೀಸ್ರು ಬಂದು ಕಸಾ ಗುಡಿಸಿದಂಗ ಗುಡಿಸ್ತಾರ."

ರಾಯರು ಓಡಿದರು. ತಾಲೂಕು ಕಚೇರಿಯಲ್ಲಿ ಮಾಮಲೇದಾರರು ಊಟಕ್ಕೆ ಹೋಗಿದ್ದರು. ಅವರು ಬರುವಷ್ಟರಲ್ಲಿ ಅರ್ಜಿಗೆ ಸ್ಟಾಂಪು ಹಚ್ಚಿಲ್ಲವೆಂದು ಗುಮಾಸ್ತ ಹೇಳಿದ. ಸ್ಟಾಂಪು ಮಾರುವವನು ಯಾರದೋ ಮದುವೆಯಲ್ಲಿ ಎರಡನೆಯ ಪಂಕ್ತಿಗೆ ಕೂತಿದ್ದ. ಅವನನ್ನು ಎಲೆಯ ಮುಂದಿನಿಂದ ಎಬ್ಬಿಸಿಕೊಂಡು ಬರುವಾಗ ರಾಯರ ಚಪ್ಪಲಿಯ ಉಂಗುಟ ಹರಿಯಿತು. ಕಾದ ನೆಲದ ಮೇಲೆ ಕುಣಿಯುತ್ತ, ಸಂಘಕ್ಕೂ ಸರಕಾರಕ್ಕೂ ಶಾಪ ಹಾಕುತ್ತ ಮತ್ತೆ ಕಚೇರಿ ಮುಟ್ಟಿದರು. ಮೂರು ಗಂಟೆಗೆ ಅಂತೂ ಹುಕುಂ ಕೈಗೆ ಬಂತು: "ಲೈಸನ್ಸುದಾರರ ವ್ಯಾಪಾರಕ್ಕೆ ಯಾರೇ ಅಡ್ಡಿ ಮಾಡಿದರೂ ಪೊಲೀಸರು ತೆರವುಗೊಳಿಸತಕ್ಕದ್ದು."

ಫೌಜದಾರ ಯಾಕೂಬಸಾಬರನ್ನೂ ಇಬ್ಬರು ಪೇದೆಗಳನ್ನೂ ಹಿಂದಿಟ್ಟುಕೊಂಡು, ಒಂದೇ ಚಪ್ಪಲಿಯಲ್ಲಿ, ಮದುಮಗನ ಗತ್ತಿನಿಂದ ರಾಯರು ಪೇಟೆಗೆ ಬಂದರು.

"ಎಬ್ಬಸ್ರಿ ಸಾಹೇಬರ, ಎಲ್ಲಾರ್ನೂ ಎಬ್ಬಸ್ರಿ!"

"ತಡೀರಿ. ಮೊದಲ ಲೈಸನ್ಸು ತೋರಸ್ರಿ."

ರಾಯರು ಗೋಡೆಗೆ ತೂಗುಹಾಕಿದ್ದ ಚೌಕಟ್ಟನ್ನೇ ತಂದುಕೊಟ್ಟರು. ಫೌಜದಾರರು ಓದಿ ಹುಬ್ಬೇರಿಸಿದರು. "ಅಂಬುಬಾಯಿ ಅಂದ್ರ ಯಾರ್ರಿ?"

ರಾಯರು ಚೌಕಟ್ಟನ್ನು ವಾಪಸು ತಗೊಳ್ಳಲು ಕೈ ಚಾಚಿದರು. ಅವರ ಸ್ವಂತ ಲೈಸನ್ಸು ಮಾರ್ಕೆಟ್ ಕಮಿಟಿಯವರ ಜೊತೆ ಜಗಳಾಡಿದ್ದಕ್ಕೆ ನಾಲ್ಕು ವರ್ಷದ ಹಿಂದೆಯೇ ರದ್ದಾಗಿತ್ತು. ಇದು ಆಮೇಲೆ ಹೆಂಡತಿಯ ಹೆಸರಿನಲ್ಲಿ ತೆಗೆಸಿದ್ದು.

"ನನ್ನ ಹೆಂಡ್ತಿರಿ. ಬರೇ ಹೆಸರಿಗೆ..."

"ಕಾಯ್ದೆಕ್ಕ ಬೇಕಾಗೋದ ಹೆಸರು." ಫೌಜದಾರರು ಬಾಗಿಲ ಕಡೆ ತಿರುಗಿದರು. "ಬಾಯಾರ, ಧಂದೆ ನಿಮ್ಮದು. ಏನ್ ಮಾಡೂಣು?"

ಅಂಬುಬಾಯಿ ಸೆರಗು ಸರಿಮಾಡಿಕೊಂಡರು. "ಖಂಡೆಪ್ಪಾ, ಆ ಚೀಲ ಇಳಿಸಿ ಮತ್ತ ಏರಿಸು. ಉಳದದ್ದೂ ಲಗೂನ ತುಂಬ್ರಿ, ಹಣ್ಣು ಕೆಡ್ತಾವ."

"ಆತ್ರಿ ಅವ್ವಾರ," ಎಂದು ಹತ್ತೂ ಜನ ಎದ್ದರು.

ಗೋವಿಂದರಾಯರಿಗೆ ಮೈಯೆಲ್ಲ ಉರಿದುಹೋಯಿತು. ಲಾರಿ ಹತ್ತಿ ಆ ಚೀಲದ ಮೇಲೆ ಕೂತುಬಿಟ್ಟರು. "ಇಳಿಸಗೊಡಂಗಿಲ್ಲ! ನನ್ನ ಹೆಣಾ ಬಿದ್ರೂ ಇಳಿಸಗೊಡಂಗಿಲ್ಲ!"

ಫೌಜದಾರರು ಹುಕುಂ ಬಿಚ್ಚಿ ಇನ್ನೊಮ್ಮೆ ಓದಿದರು. ಆಮೇಲೆ ಪೇದೆಗಳಿಗೆ ಕಣ್ಣಸನ್ನೆ ಮಾಡಿದರು. ಒಬ್ಬ ರಟ್ಟೆ, ಒಬ್ಬ ಕಾಲು ಹಿಡಿದು ರಾಯರನ್ನು ಇಳಿಸಿ, ರಸ್ತೆಯಾಚೆಯ ಬೇವಿನ ಮರದ ಬುಡಕ್ಕೆ ಕೂಡಿಸಿದರು. ತಾಸು ತುಂಬುವುದರೊಳಗೆ ಲಾರಿ ಧೂಳೆಬ್ಬಿಸಿಕೊಂಡು ಸೊಲ್ಲಾಪುರದ ದಾರಿ ಹಿಡಿಯಿತು.

ಯಾಕೂಬಸಾಬರು ಒಂದು ಕಾಗದ ಹಿಡಿದು ಮರದ ಕೆಳಗೆ ಬಂದರು. "ಇಲ್ಲೊಂದು ಸಹಿ ಹಾಕ್ರಿ. ಅರ್ಜಿ ಕೊಟ್ಟಾವ್ರು ನೀವ ಅಲ್ಲೇನ್ರಿ?"

ರಾಯರು ಕನ್ನಡಕ ಏರಿಸಿ ಓದಿದರು: "ಅರ್ಜಿದಾರರ ಕೋರಿಕೆಯಂತೆ, ಲೈಸನ್ಸುದಾರರ ವ್ಯಾಪಾರಕ್ಕೆ ಅಡ್ಡಿ ಮಾಡುತ್ತಿದ್ದ ಗೋವಿಂದರಾವ ಎಂಬುವವರನ್ನು ಸ್ಥಳದಿಂದ ತೆರವುಗೊಳಿಸಲಾಗಿದೆ."